ಸತ್ತವರ ಲೆಕ್ಕವನ್ನೂ ಬರೆದವರು

ಅನಂತಪುರ ಜಿಲ್ಲೆಯ ರಾಯದುರ್ಗದ ಬೆಟ್ಟದಲ್ಲಿ ಬಂಡೆ ಕೊರೆದು ಮಾಡಿದ ನಾಲ್ಕು ಪುಟ್ಟ ಗುಹೆಗಳಿವೆ. ಅವುಗಳ ಬಾಗಿಲೂ ಕಲ್ಲಿನದೇ, ಬಾಗಿಲ ಮೇಲೆ ಸಿದ್ಧರ ಆಕೃತಿಗಳು. 1904ರಲ್ಲಿ, ಈ ಊರು ಆಗ ಸೇರಿದ್ದ ಬಳ್ಳಾರಿ ಜಿಲ್ಲೆಯ ಗೆಜೆಟಿಯರ್ ಬರೆದ ಡಬ್ಲ್ಯು. ಫ್ರಾನ್ಸಿಸ್ ಈ ಗುಹೆಗಳ ಜೊತೆಗೆ ಊರವರು ಹೇಳುವ ಕಥೆಯನ್ನೂ ದಾಖಲಿಸಿದರು. ಇಲ್ಲಿ ರಸಸಿದ್ಧನೆಂಬ ಮಹಾತ್ಮನಿದ್ದನಂತೆ. ರಾಜನ ಕಿರಿಯ ಹೆಂಡತಿ ಚಿತ್ರಾಂಗಿ ಮಲಮಗ ಸಾರಂಗಧರನ ಮೇಲೆ ಮನಸ್ಸಿಟ್ಟಳು. ಅವನು ಒಪ್ಪದಿದ್ದಾಗ ಅವನ ಮೇಲೆಯೇ ಅಪವಾದ ಹೊರಿಸಿದಳು. ರಾಜ ಹಿಂದುಮುಂದು ವಿಚಾರಿಸದೆ ಮಗನ ಕೈಕಾಲು ಕಡಿಸಿಬಿಟ್ಟ. ರಸಸಿದ್ಧ ಬಂದು ಗಾಯಕ್ಕೆ ಮೂಲಿಕೆ ಹಚ್ಚಿದ, ಕಡಿದ ಕೈಕಾಲು ಮತ್ತೆ ಬಂದವು. ರಾಜಮಹೇಂದ್ರಿಯವರು ಈ ಕಥೆ ತಮ್ಮೂರಿನದು ಎನ್ನುತ್ತಾರೆ. ಬಳ್ಳಾರಿಯ ಧರ್ಮವರಂ ರಾಮಕೃಷ್ಣಮಾಚಾರ್ಯರು ಇದನ್ನೇ ತೆಲುಗಿನಲ್ಲಿ ‘ವಿಷಾದ ಸಾರಂಗಧರ’ ನಾಟಕವಾಗಿ ಬರೆದರು. ರಾಯದುರ್ಗದವರಿಗೆ ಮಾತ್ರ ಅದು ತಮ್ಮ ಬೆಟ್ಟದ ಕಥೆ.

ಕಥೆಯ ಚೆಲುವಿನ ಬಗ್ಗೆ ನನ್ನ ತಕರಾರಿಲ್ಲ. ನನ್ನನ್ನು ಕಾಡುವುದು ಬೇರೆ ಪ್ರಶ್ನೆ. ವಾಸಿಯಾದ ಒಬ್ಬ ರಾಜಕುಮಾರನ ಕಥೆ ಬಂಡೆಯಷ್ಟು ಗಟ್ಟಿಯಾಗಿ ಉಳಿದಿದೆ. ಅದೇ ಬೆಟ್ಟಕ್ಕೆ ಕುಂಟುತ್ತ ಬಂದು, ಮದ್ದು ಹಚ್ಚಿಸಿಕೊಂಡು, ಕುಂಟುತ್ತಲೇ ಇಳಿದುಹೋದವರ ಕಥೆ ಎಲ್ಲಿದೆ? ಮಗುವನ್ನು ಎತ್ತಿಕೊಂಡು ಹತ್ತಿ, ಬರಿಗೈಯಲ್ಲಿ ಇಳಿದ ತಾಯಿಯ ಕಥೆ ಯಾರ ಬಾಯಲ್ಲಿದೆ? ಸುಳ್ಳು ವೈದ್ಯದ ಚರಿತ್ರೆ ಎಂದರೆ ಹೆಚ್ಚುಪಾಲು ಈ ಕಾಣೆಯಾದವರ ಚರಿತ್ರೆ. ಅವರನ್ನು ಹುಡುಕಲು ಹೊರಟವರಿಗೆ ಸಿಗುವ ಒಂದು ದಾರಿ ಹಳೆಯ ದಿನಚರಿಗಳು. ಇವತ್ತು ಆ ದಿನಚರಿಗಳ ಬಗ್ಗೆ ನಾಲ್ಕು ಮಾತು ಹೇಳುತ್ತೇನೆ.

ಮೊದಲು ನಮ್ಮ ಕಡೆಯ ವಿಚಾರ. ರಸಸಿದ್ಧರು ಎಂದರೆ ಪಾದರಸವನ್ನು ಪಳಗಿಸಿದವರು ಎಂಬ ನಂಬಿಕೆ. ಅನಂತಪುರ ಜಿಲ್ಲೆಯ ಇನ್ನೊಂದು ಮಗ್ಗುಲಿನಲ್ಲಿ, ಗುಂತಕಲ್ಲಿನ ಹತ್ತಿರ, ಕೊನಕೊಂಡ್ಲದ ಒಂದು ಗುಡ್ಡಕ್ಕೆ ರಸಸಿದ್ಧುಲ ಗುಟ್ಟ ಎಂದೇ ಹೆಸರು. ಅಲ್ಲಿರುವುದು ಜಿನಬಿಂಬಗಳು. ಜೈನರ ಮಹಾ ಆಚಾರ್ಯ ಕೊಂಡಕುಂದರ ಹೆಸರಿನೊಡನೆ ಆ ಊರನ್ನು ಜೋಡಿಸಿ ಶಾಸನತಜ್ಞ ಪಿ. ಬಿ. ದೇಸಾಯಿ ವಿಸ್ತಾರವಾಗಿ ಬರೆದಿದ್ದಾರೆ. ರಾಯದುರ್ಗದಲ್ಲೂ ಜೈನರಿದ್ದರು, ಭೋಗರಾಜನೆಂಬ ವರ್ತಕ ಶಾಂತಿನಾಥ ಜಿನನನ್ನು ಪ್ರತಿಷ್ಠೆ ಮಾಡಿಸಿದ್ದನ್ನು 1355ರ ಶಾಸನ ಹೇಳುತ್ತದೆ. ಅತ್ತ ಮಡಕಶಿರಾ ಕಡೆ ಹೋದರೆ ಅಮರಾಪುರದ ಬಳಿಯ ಹೇಮಾವತಿ, ನೊಳಂಬರ ಕಾಲದ ಹೆಂಜೇರು. ಅಲ್ಲಿ ಪೂಜೆಗೊಳ್ಳುವ ದೇವರೂ ಸಿದ್ಧೇಶ್ವರನೇ. ಹೀಗೆ ಸಿದ್ಧರು ಈ ನಾಡಿನ ಬೆಟ್ಟಬೆಟ್ಟದಲ್ಲೂ ಇದ್ದಾರೆ.

ಜೈನರು ಹೇಳುವ ನಾಲ್ಕು ದಾನಗಳಲ್ಲಿ ಔಷಧದಾನವೂ ಒಂದು. ಅನ್ನದಷ್ಟೇ, ಅಭಯದಷ್ಟೇ, ಶಾಸ್ತ್ರದಷ್ಟೇ ದೊಡ್ಡದು ಅದು. ಭೋಗರಾಜನ ಶಾಸನದ ಆಸುಪಾಸಿನಲ್ಲೇ, ಸುಮಾರು 1360ರ ಹೊತ್ತಿಗೆ, ಮಂಗರಾಜನೆಂಬ ಜೈನ ಕವಿ ಕನ್ನಡದಲ್ಲಿ ‘ಖಗೇಂದ್ರಮಣಿದರ್ಪಣ’ ಬರೆದ. ಇಡೀ ಗ್ರಂಥ ವಿಷ ಮತ್ತು ವಿಷಚಿಕಿತ್ಸೆಯನ್ನು ಕುರಿತದ್ದು. ಅದಕ್ಕೂ ಮೊದಲೇ ಜಗದ್ದಳ ಸೋಮನಾಥ ಪೂಜ್ಯಪಾದರ ‘ಕಲ್ಯಾಣಕಾರಕ’ವನ್ನು ಕನ್ನಡಕ್ಕೆ ತಂದಿದ್ದ; ಕೀರ್ತಿವರ್ಮ ದನಕರುಗಳ ಚಿಕಿತ್ಸೆಗೆಂದು ‘ಗೋವೈದ್ಯ’ ಬರೆದಿದ್ದ. ಇವರ ಎಲ್ಲ ಮದ್ದೂ ಇಂದಿನ ಪರೀಕ್ಷೆಯಲ್ಲಿ ಗೆಲ್ಲುತ್ತದೆ ಎಂದು ನಾನು ಹೇಳುವುದಿಲ್ಲ. ಆದರೆ ಅವರು ತಮಗೆ ತಿಳಿದದ್ದನ್ನು ಬಚ್ಚಿಡಲಿಲ್ಲ. ಯಾವ ಬೇರು, ಎಷ್ಟು ತೂಕ, ಯಾವುದರ ಜೊತೆ ಅರೆಯಬೇಕು ಎಂದು ಎಲ್ಲರಿಗೂ ಕಾಣುವಂತೆ ಬರೆದಿಟ್ಟರು. ಬರೆದಿಟ್ಟದ್ದನ್ನು ಮುಂದಿನವರು ಪರೀಕ್ಷಿಸಬಹುದು, ತಿದ್ದಬಹುದು, ಬೇಡವೆನಿಸಿದರೆ ಕೈಬಿಡಬಹುದು. ಗುಟ್ಟಿನ ಮದ್ದಿಗೆ ಆ ಭಾಗ್ಯವಿಲ್ಲ.

ಸುಳ್ಳು ವೈದ್ಯರ ಬಗ್ಗೆ ನಮ್ಮ ಹಿರಿಯರಿಗೆ ತಿಳಿದಿರಲಿಲ್ಲ ಎಂದುಕೊಳ್ಳಬೇಡಿ. ಚರಕಸಂಹಿತೆಯ ಸೂತ್ರಸ್ಥಾನದಲ್ಲಿ ಅವರ ಚಿತ್ರವನ್ನೇ ಬಿಡಿಸಿದ್ದಾರೆ. ವೈದ್ಯರ ವೇಷ ತೊಟ್ಟು ಬೀದಿ ಸುತ್ತುತ್ತಾರೆ. ಯಾರ ಮನೆಯಲ್ಲಾದರೂ ಕಾಯಿಲೆ ಎಂದು ಕಿವಿಗೆ ಬಿದ್ದರೆ ಸಾಕು, ಅಲ್ಲಿ ಹಾಜರು. ತಮ್ಮ ಗುಣಗಾನವನ್ನು ರೋಗಿಗೆ ಕೇಳುವಂತೆ ಜೋರಾಗಿ ಮಾಡುತ್ತಾರೆ. ಈಗಾಗಲೇ ಚಿಕಿತ್ಸೆ ಕೊಡುತ್ತಿರುವ ವೈದ್ಯನ ತಪ್ಪು ಎತ್ತಿ ಆಡುತ್ತಾರೆ. ರೋಗಿಯ ನೆಂಟರಿಷ್ಟರನ್ನು ಒಲಿಸಿಕೊಳ್ಳುತ್ತಾರೆ. ರೋಗ ಕೈಮೀರಿದರೆ, ರೋಗಿ ಪಥ್ಯ ಕೆಡಿಸಿದ, ಆರೈಕೆ ಸಾಲದು ಎಂದು ತಪ್ಪನ್ನು ಅವರ ತಲೆಗೇ ಕಟ್ಟಿ ಜಾಗ ಖಾಲಿ ಮಾಡುತ್ತಾರೆ. ಸುಮಾರು 2000 ವರ್ಷ ಹಳೆಯ ಮಾತು ಇದು. ಕಲ್ಯಾಣದುರ್ಗದ ರಸ್ತೆಬದಿಯ ಡೇರೆಯ ಮುಂದೆ ನಿಂತರೂ ಇದೇ ಕೇಳುತ್ತದೆ, ಪಾವಗಡದ ಸಂತೆಯಲ್ಲಿ ನಿಂತರೂ ಇದೇ ಕೇಳುತ್ತದೆ.

ಈಗ ದಿನಚರಿಗೆ ಬರುತ್ತೇನೆ. ನಮ್ಮ ನಾಡಿನಲ್ಲಿ ದಿನಚರಿ ಬರೆಯುವ ರೂಢಿ ಕಡಿಮೆ ಎನ್ನುವವರಿದ್ದಾರೆ. ಅದು ಅರ್ಧ ಸತ್ಯ. ಕಪ್ಪು ಹಚ್ಚಿ ಬಿಗಿಮಾಡಿದ ಬಟ್ಟೆಯ ಕಡತಗಳಲ್ಲಿ ಬಳಪದಿಂದ ಬರೆದ ಲೆಕ್ಕಗಳ ನಡುವೆ, ಶಾನುಭೋಗರ ಕಾಗದಗಳ ನಡುವೆ, ಪಂಚಾಂಗದ ಅಂಚಿನಲ್ಲಿ ಮನೆಯ ಸುದ್ದಿ ಬರೆದಿಡುವ ಪದ್ಧತಿ ಇತ್ತು. ಮಳೆ ಬಿದ್ದ ದಿನ, ಕರು ಹಾಕಿದ ದಿನ, ಮಗು ತೀರಿಕೊಂಡ ದಿನ. ಎರಡು ಸಾಲು, ಅಷ್ಟೇ. 1800ರಲ್ಲಿ ನಿಜಾಮನಿಂದ ಕಂಪನಿ ಸರ್ಕಾರಕ್ಕೆ ಈ ಸೀಮೆ ಬಂದು ದತ್ತಮಂಡಲವಾದ ಮೇಲೆ ಕಾಲಿನ್ ಮೆಕೆಂಜಿ ಇಲ್ಲಿ ಸರ್ವೆ ಮಾಡಿಸಿದ. ಅವನ ದೇಶೀಯ ಸಹಾಯಕರು ಊರೂರು ತಿರುಗಿ ಕೈಫಿಯತ್ತುಗಳನ್ನು ಸಂಗ್ರಹಿಸಿದರು. ತಾವು ಎಲ್ಲಿ ಹೋದೆವು, ಯಾರನ್ನು ಕಂಡೆವು ಎಂಬ ವರದಿಗಳನ್ನೂ ಅವನಿಗೆ ಕಳಿಸುತ್ತಿದ್ದರು. ಅದೇ 1800ರಲ್ಲಿ, ಟಿಪ್ಪು ಸತ್ತ ಮರುವರ್ಷ, ಫ್ರಾನ್ಸಿಸ್ ಬುಕನನ್ ಮೈಸೂರು ಸೀಮೆಯಲ್ಲಿ ಪ್ರಯಾಣ ಮಾಡಿದ. ಮಡಕಶಿರಾಕ್ಕೆ ನೆರೆಯಾದ ಮಧುಗಿರಿ, ಶಿರಾಗಳಲ್ಲಿ ಅವನು ತಂಗಿದ್ದ. ಅವನು ಓದಿದ್ದು ವೈದ್ಯ, ಬರೆದದ್ದು ದಿನಾಂಕ ಹಾಕಿದ ಪ್ರವಾಸದ ದಿನಚರಿ. ಅದು 1807ರಲ್ಲಿ ಮೂರು ಸಂಪುಟಗಳಾಗಿ ಅಚ್ಚಾಯಿತು. ದಕ್ಷಿಣದ ದಿನಚರಿಗಳಲ್ಲಿ ದೊಡ್ಡದು ಪುದುಚೇರಿಯ ಆನಂದರಂಗ ಪಿಳ್ಳೆಯದು. 1736ರಿಂದ 1761ರಲ್ಲಿ ತಾನು ಸಾಯುವ ಹೊತ್ತಿನವರೆಗೆ ಅವನು ತಮಿಳಿನಲ್ಲಿ ಬರೆದ.

ದಿನಚರಿಯ ಗುಣ ಏನು? ಅದನ್ನು ಬರೆಯುವವನಿಗೆ ನಾಳೆ ಏನಾಗುತ್ತದೆ ಎಂದು ತಿಳಿದಿರುವುದಿಲ್ಲ. ಇವತ್ತು ಮದ್ದು ತಿಂದೆ ಎಂದು ಬರೆದಾಗ ಗುಣವಾಗುತ್ತದೋ ಇಲ್ಲವೋ ಅವನಿಗೆ ಗೊತ್ತಿಲ್ಲ. ಆದ್ದರಿಂದ ವಾಸಿಯಾಗದ್ದೂ ಅಲ್ಲಿ ಉಳಿಯುತ್ತದೆ. ನೆನಪಿನಿಂದ ಹೇಳುವವನು ಹಾಗಲ್ಲ. ಅವನು ಗೆದ್ದದ್ದನ್ನು ಉಳಿಸಿಕೊಂಡು ಸೋತದ್ದನ್ನು ಬಿಟ್ಟುಬಿಡುತ್ತಾನೆ.

ಇದಕ್ಕೆ ಲಂಡನ್ನಿನ ಸ್ಯಾಮ್ಯುಯೆಲ್ ಪೀಪ್ಸನ ದಿನಚರಿಗಿಂತ ಒಳ್ಳೆಯ ಉದಾಹರಣೆ ನನಗೆ ಸಿಕ್ಕಿಲ್ಲ. ನೌಕಾಪಡೆಯ ಕಚೇರಿಯಲ್ಲಿ ಅಧಿಕಾರಿಯಾಗಿದ್ದ ಈತ 1660ರಿಂದ 1669ರವರೆಗೆ ಶೀಘ್ರಲಿಪಿಯಲ್ಲಿ ದಿನಚರಿ ಬರೆದ. ಅದಕ್ಕೂ ಮೊದಲು, 1658ರ ಮಾರ್ಚ್ 26ರಂದು, ಅರಿವಳಿಕೆಯ ಮದ್ದೇ ಇಲ್ಲದ ಕಾಲದಲ್ಲಿ ಮೂತ್ರಕೋಶದ ಕಲ್ಲನ್ನು ಕೊಯ್ದು ತೆಗೆಸಿಕೊಂಡು ಬದುಕಿ ಉಳಿದಿದ್ದವನು. ವಿದ್ಯಾವಂತ, ಮುಂದೆ ರಾಯಲ್ ಸೊಸೈಟಿಯ ಅಧ್ಯಕ್ಷನೂ ಆದ. ಅವನಿಗೆ ಆಗಾಗ ಹೊಟ್ಟೆಶೂಲೆ. ಅದಕ್ಕೆ ಆಗಿನವರು ಹೇಳುತ್ತಿದ್ದ ಉಪಾಯ ಮೊಲದ ಕಾಲನ್ನು ಮೈಮೇಲೆ ಇಟ್ಟುಕೊಂಡು ತಿರುಗುವುದು. ನಮ್ಮಲ್ಲಿ ತಾಯತ ಇದ್ದ ಹಾಗೆ. 1664ರ ಕೊನೆಯ ದಿನ ವರ್ಷದ ಲೆಕ್ಕ ಹಾಕುತ್ತ ಪೀಪ್ಸ್ ಬರೆಯುತ್ತಾನೆ: ಈ ಸಲ ಆರೋಗ್ಯ ಹಿಂದೆಂದೂ ಇಲ್ಲದಷ್ಟು ಚೆನ್ನಾಗಿದೆ. ಆದರೆ ಇದು ಮೊಲದ ಕಾಲಿನಿಂದಲೋ, ದಿನಾ ಬೆಳಿಗ್ಗೆ ನುಂಗುವ ಟರ್ಪೆಂಟೈನ್ ಗುಳಿಗೆಯಿಂದಲೋ, ನಿಲುವಂಗಿ ತೊಡುವುದನ್ನು ಬಿಟ್ಟದ್ದರಿಂದಲೋ ತಿಳಿಯುತ್ತಿಲ್ಲ. ಮೂರು ವಾರ ಕಳೆಯಿತು. ಗೆಳೆಯನೊಬ್ಬ ಇವನ ಮೊಲದ ಕಾಲನ್ನು ನೋಡಿ, ಇದರಲ್ಲಿ ಕೀಲೇ ಇಲ್ಲವಲ್ಲ, ಇದು ಹೇಗೆ ಕೆಲಸ ಮಾಡೀತು ಎಂದು ತನ್ನದನ್ನು ತೋರಿಸಿದ. ಗೆಳೆಯನ ಮೊಲದ ಕಾಲನ್ನು ಮುಟ್ಟಿದ್ದೇ ತಡ ತನಗೆ ಹಾಯೆನಿಸಿತು ಎಂದು ಪೀಪ್ಸ್ ಅದನ್ನೂ ಬರೆದ!

ಆ ಪುಟಗಳನ್ನು ಓದುವಾಗ ನನಗೆ ಆ ಮನುಷ್ಯನ ಮೇಲೆ ಅಕ್ಕರೆ ಹುಟ್ಟುತ್ತದೆ. ಅವನು ಮೂರು ಕಾರಣ ಬರೆದ, ಒಂದನ್ನೇ ಹಿಡಿದು ಕೂರಲಿಲ್ಲ. ಸಂಶಯವನ್ನು ಸಂಶಯವಾಗಿಯೇ ಬರೆದ. ಕಾಗೆ ಕೂತದ್ದಕ್ಕೂ ಕೊಂಬೆ ಮುರಿದದ್ದಕ್ಕೂ ಸಂಬಂಧ ಇದೆಯೋ ಇಲ್ಲವೋ ಎಂದು ಕೇಳುವ ಮನಸ್ಸು ಮತ್ತು ಕೂಡಲೇ ನಂಬಿಬಿಡುವ ಮನಸ್ಸು ಎರಡೂ ಒಬ್ಬನಲ್ಲೇ ಇದ್ದವು. ನಮ್ಮೆಲ್ಲರಲ್ಲೂ ಇರುವುದು ಹಾಗೆಯೇ.

ಪಕ್ಕದಲ್ಲಿ ಇನ್ನೊಬ್ಬನನ್ನು ನಿಲ್ಲಿಸಿ ನೋಡಿ. ವೆನಿಸ್‌ನ ನಿಕೊಲಾವ್ ಮನೂಚಿ ಹುಡುಗನಾಗಿದ್ದಾಗಲೇ 1656ರಲ್ಲಿ ಭಾರತಕ್ಕೆ ಬಂದ. ದಾರಾ ಶುಕೋಹನ ಫಿರಂಗಿದಳದಲ್ಲಿದ್ದ. ಆಮೇಲೆ ಲಾಹೋರಿನಲ್ಲಿ ವೈದ್ಯನೆಂದು ಹೇಳಿಕೊಂಡು ವೃತ್ತಿ ಶುರುಮಾಡಿದ; ಯಾವ ವೈದ್ಯಶಾಲೆಯ ಮೆಟ್ಟಿಲನ್ನೂ ಹತ್ತಿದವನಲ್ಲ. ಖಾಜಿಯೊಬ್ಬನ ಹೆಂಡತಿಗೆ ಎನಿಮಾ ಕೊಡಲು ಉಪಕರಣವಿಲ್ಲದೆ ಆಕಳ ಕೆಚ್ಚಲನ್ನೂ ಹುಕ್ಕಾದ ಕೊಳವೆಯನ್ನೂ ಜೋಡಿಸಿ ಹೊಂದಿಸಿಕೊಂಡದ್ದನ್ನು ಅವನೇ ಬರೆದುಕೊಂಡಿದ್ದಾನೆ. ಕೊನೆಗೆ ಮದ್ರಾಸು, ಪುದುಚೇರಿ ಕಡೆ ನೆಲೆಸಿ ದೊಡ್ಡ ಹೆಸರು ಮಾಡಿದ. ಅವನ ‘ಸ್ತೋರಿಯಾ ದೊ ಮೊಗೋರ್’ ಮೊಗಲರ ಕಾಲದ ಸ್ವಾರಸ್ಯದ ಪುಸ್ತಕಗಳಲ್ಲಿ ಒಂದು. ಆದರೆ ಅದು ಮುಪ್ಪಿನಲ್ಲಿ ನೆನಪಿನಿಂದ ಹೇಳಿದ್ದು. ಅದರಲ್ಲಿ ಮನೂಚಿಯ ಮದ್ದು ಗೆಲ್ಲುತ್ತ ಹೋಗುತ್ತದೆ. ಪೀಪ್ಸನಿಗೂ ಮನೂಚಿಗೂ ಇರುವ ಅಂತರವನ್ನು ಗಮನಿಸಿದರೆ ದಿನಚರಿಗೂ ಆತ್ಮಕಥೆಗೂ ಇರುವ ಅಂತರ ಹೊಳೆಯುತ್ತದೆ.

ಇಷ್ಟು ಕೇಳಿ, ಸುಳ್ಳು ವೈದ್ಯರು ಒಂದು ಕಡೆ, ಓದಿದ ವೈದ್ಯರು ಇನ್ನೊಂದು ಕಡೆ ಎಂದು ಗೆರೆ ಎಳೆಯಬೇಡಿ. ಹಳೆಯ ದಿನಚರಿಗಳು ಆ ಗೆರೆಯನ್ನೇ ಅಳಿಸಿಹಾಕುತ್ತವೆ. 1799ರ ಡಿಸೆಂಬರ್ 14ರಂದು ಅಮೆರಿಕದ ಜಾರ್ಜ್ ವಾಷಿಂಗ್ಟನ್ ಗಂಟಲು ಬೇನೆಯಿಂದ ತೀರಿಕೊಂಡರು. ಅವರ ಕಾರ್ಯದರ್ಶಿ ಟೋಬಿಯಾಸ್ ಲಿಯರ್ ಆ ದಿನದ ಒಂದೊಂದು ಗಳಿಗೆಯನ್ನೂ ಬರೆದಿಟ್ಟ. ಬೆಳಗಿನ ಜಾವದಲ್ಲಿ ಮೊದಲ ಸಲ ರಕ್ತ ತೆಗೆಸಿಕೊಂಡದ್ದು ವಾಷಿಂಗ್ಟನ್ನರ ಕೋರಿಕೆಯಂತೆಯೇ. ತೆಗೆದವನು ತೋಟದ ಮೇಲ್ವಿಚಾರಕ. ಆಮೇಲೆ ಬಂದ ಡಾಕ್ಟರರು ಮತ್ತೆ ಮತ್ತೆ ತೆಗೆದರು. ಒಂದೇ ಹಗಲಿನಲ್ಲಿ ಎರಡು ಲೀಟರಿಗೂ ಹೆಚ್ಚು ರಕ್ತ ಹೋಗಿತ್ತು ಎನ್ನುತ್ತದೆ ಲೆಕ್ಕ. ಆ ಡಾಕ್ಟರರು ಆ ದೇಶದಲ್ಲಿ ಹೆಸರಾದವರು. ಅವರ ಮನಸ್ಸಿನಲ್ಲಿ ಮೋಸ ಇರಲಿಲ್ಲ. ಇರಲಿಲ್ಲವಾದ್ದರಿಂದಲೇ ಲಿಯರ್ ಬರೆದ ಆ ಪುಟ ಇಂದಿಗೂ ಮನಸ್ಸನ್ನು ಹಿಂಡುತ್ತದೆ. ಪ್ಯಾರಿಸ್ಸಿನ ಪಿಯೆರ್ ಲೂಯಿ ಎಂಬ ವೈದ್ಯ ನ್ಯುಮೋನಿಯಾ ರೋಗಿಗಳ ದಾಖಲೆಗಳನ್ನು ಒಂದೊಂದಾಗಿ ಎಣಿಸಿ, ಯಾರಿಗೆ ಯಾವಾಗ ರಕ್ತ ತೆಗೆದರು, ಯಾರು ಉಳಿದರು, ಯಾರು ಸತ್ತರು ಎಂದು ಪಟ್ಟಿ ಮಾಡಿ 1835ರಲ್ಲಿ ಪ್ರಕಟಿಸಿದ. ರಕ್ತ ತೆಗೆಯುವುದರಿಂದ ಹೇಳಿಕೊಳ್ಳುವಂಥ ಪ್ರಯೋಜನವಿಲ್ಲ ಎಂಬುದು ಆಗ ಕಣ್ಣಿಗೆ ಬಿತ್ತು. ಸಾವಿರಾರು ವರ್ಷಗಳ ನಂಬಿಕೆ ಅಲುಗಿದ್ದು ವಾದದಿಂದಲ್ಲ, ಲೆಕ್ಕದಿಂದ.

ನಮ್ಮ ಸೀಮೆಯ ಕಾಲರಾ ಕಥೆಯೂ ಇದೇ ದಾರಿಯದು. ದತ್ತಮಂಡಲದ ಕಲೆಕ್ಟರಾಗಿ ಅನಂತಪುರದಲ್ಲಿದ್ದು, ರೈತವಾರಿ ಪದ್ಧತಿಯನ್ನು ಬೇರೂರಿಸಿ, ಮುಂದೆ ಮದ್ರಾಸಿನ ಗವರ್ನರಾದ ಥಾಮಸ್ ಮನ್ರೋ 1827ರ ಜುಲೈ 6ರಂದು ಪತ್ತಿಕೊಂಡದಲ್ಲಿ ಕಾಲರಾ ತಗುಲಿ ಸತ್ತರು. ಗವರ್ನರನ ಪಾಡೇ ಅದಾದರೆ ರಾಯದುರ್ಗದ ನೇಕಾರನ ಪಾಡೇನು? ಮದ್ರಾಸಿನ ವೈದ್ಯಮಂಡಳಿಗಾಗಿ ವಿಲಿಯಂ ಸ್ಕಾಟ್ 1824ರಲ್ಲಿ ಕಾಲರಾದ ಬಗ್ಗೆ ದೊಡ್ಡ ವರದಿ ಸಿದ್ಧಪಡಿಸಿದ್ದ. ಆ ಕಾಲದ ಇಂಗ್ಲಿಷ್ ವೈದ್ಯರ ಮುಖ್ಯ ಚಿಕಿತ್ಸೆ ಎಂದರೆ ರಕ್ತ ತೆಗೆಯುವುದು, ಪಾದರಸದ ಲವಣವಾದ ಕ್ಯಾಲೊಮೆಲ್ ಕೊಡುವುದು, ಅಫೀಮಿನ ದ್ರಾವಣ ಕುಡಿಸುವುದು. ಮೈಯ ನೀರೆಲ್ಲ ಹರಿದುಹೋಗುತ್ತಿರುವವನ ರಕ್ತ ತೆಗೆದರೆ ಏನಾಗಬೇಡ? ನಮ್ಮ ರಸಸಿದ್ಧರು ನಂಬಿದ್ದ ಪಾದರಸವನ್ನೇ ಅವರೂ ನಂಬಿದ್ದರು.

ಕಾಲರಾಕ್ಕೆ ನಿಜವಾದ ಮದ್ದು ಸಿಕ್ಕಿದ್ದು ಬಹಳ ತಡವಾಗಿ, ಅದೂ ಅಡುಗೆಮನೆಯ ಮಟ್ಟದ ಸಾಮಾನಿನಲ್ಲಿ. ಕಲ್ಕತ್ತೆಯ ಹೇಮೇಂದ್ರನಾಥ ಚಟರ್ಜಿ 1953ರಲ್ಲೇ ಉಪ್ಪು, ಗ್ಲೂಕೋಸು ಬೆರೆಸಿದ ನೀರು ಕುಡಿಸಿ ರೋಗಿಗಳನ್ನು ಉಳಿಸಿದ್ದನ್ನು ಪ್ರಕಟಿಸಿದ್ದರು. 1971ರಲ್ಲಿ ಬಾಂಗ್ಲಾ ನಿರಾಶ್ರಿತರ ಬನಗಾಂವ್ ಶಿಬಿರದಲ್ಲಿ ಸಲೈನ್ ಬಾಟಲಿಗಳು ಮುಗಿದುಹೋದಾಗ ಡಾ. ದಿಲೀಪ್ ಮಹಲನೋಬಿಸ್ ಲೀಟರ್ ನೀರಿಗೆ 22 ಗ್ರಾಂ ಗ್ಲೂಕೋಸ್, 3.5 ಗ್ರಾಂ ಉಪ್ಪು, 2.5 ಗ್ರಾಂ ಅಡುಗೆ ಸೋಡಾ ಬೆರೆಸಿ ಕುಡಿಸಿದರು. ಅಂಥ ಶಿಬಿರಗಳಲ್ಲಿ 100ಕ್ಕೆ 30ರಷ್ಟಿದ್ದ ಸಾವು ಅವರ ಆರೈಕೆಯಲ್ಲಿ 3.6ಕ್ಕೆ ಇಳಿಯಿತು. ಆ 3.6 ಎಂಬ ಅಂಕಿ ನನಗೆ ಬಹಳ ದೊಡ್ಡದು. ಸತ್ತವರನ್ನೂ ಎಣಿಸಿದ್ದರಿಂದಲೇ ಅದು ಹುಟ್ಟಿತು, ಲೋಕ ನಂಬಿತು. ಎಲ್ಲರನ್ನೂ ಉಳಿಸಿದೆ ಎಂದಿದ್ದರೆ ಅದು ಇನ್ನೊಂದು ಸಂತೆಯ ಮಾತಾಗುತ್ತಿತ್ತು.

ಪೇಟೆಂಟ್ ಮದ್ದುಗಳ ಕಾಲವನ್ನು ಬೇಗ ದಾಟಿಬಿಡುತ್ತೇನೆ, ಅದು ದುಡ್ಡಿನ ಕಥೆ. ಥಾಮಸ್ ಹಾಲೊವೇ 1837ರಲ್ಲಿ ಮುಲಾಮು ಮಾರಲು ತೊಡಗಿ ಜಾಹೀರಾತಿನ ಬಲದಿಂದಲೇ ಕುಬೇರನಾದ. ಕ್ಲೊರೊಡೈನ್ ಎಂಬ ಮದ್ದನ್ನು 1848ರಲ್ಲಿ ಕಾಲರಾಕ್ಕೆಂದು ತಯಾರಿಸಿದವನು ಭಾರತದಲ್ಲಿದ್ದ ಸೇನಾವೈದ್ಯ ಕಾಲಿಸ್ ಬ್ರೌನ್. ಅದರಲ್ಲಿದ್ದದ್ದು ಅಫೀಮು, ಗಾಂಜಾ, ಕ್ಲೊರೊಫಾರಂ. 1909ರಲ್ಲಿ ಬ್ರಿಟಿಷ್ ವೈದ್ಯರ ಸಂಘ ಹಲವು ಗುಟ್ಟಿನ ಮದ್ದುಗಳನ್ನು ಪರೀಕ್ಷಿಸಿ ಪುಸ್ತಕ ತಂದಿತು. ಹೆಸರಾಂತ ಬೀಚಮ್ ಗುಳಿಗೆಯಲ್ಲಿ ಸಿಕ್ಕಿದ್ದು ಲೋಳೆಸರದ ಸಾರ, ಶುಂಠಿ, ಸಾಬೂನು. ಒಂದು ಶಿಲಿಂಗಿಗೂ ಮೇಲೆ ಮಾರುತ್ತಿದ್ದ ಡಬ್ಬಿಯೊಳಗಿನ ಸರಕಿನ ಬೆಲೆ ಅರ್ಧ ಫಾರ್ದಿಂಗ್, ಎಂದರೆ ಶಿಲಿಂಗಿನ 96ನೆಯ ಒಂದು ಪಾಲು. ನಮ್ಮ ದೇಶದಲ್ಲಿ 1940ರ ಔಷಧ ಕಾಯಿದೆಯ ನಂತರ 1954ರಲ್ಲಿ ಮಾಂತ್ರಿಕ ಮದ್ದುಗಳ ಜಾಹೀರಾತು ತಡೆಯುವ ಕಾಯಿದೆ ಬಂತು. ಇಂಥಿಂಥ ರೋಗ ವಾಸಿಮಾಡುತ್ತೇವೆ ಎಂದು ಜಾಹೀರಾತು ಕೊಡಕೂಡದು ಎಂದು ಅದರ ಪಟ್ಟಿಯಲ್ಲಿ 54 ಕಾಯಿಲೆಗಳಿವೆ. ಬಸ್‌ಸ್ಟ್ಯಾಂಡಿನ ಗೋಡೆಗಳು ಆ ಪಟ್ಟಿಯನ್ನು ಓದಿಲ್ಲ.

ಇನ್ನು ಇವತ್ತಿನ ನಮ್ಮ ಊರು. ರಾಯದುರ್ಗ 1953ರ ಅಕ್ಟೋಬರ್ 1ರಂದು ಆದೋನಿ, ಆಲೂರುಗಳ ಜೊತೆ ಬಳ್ಳಾರಿಯಿಂದ ಬೇರೆಯಾಗಿ ಆಂಧ್ರಕ್ಕೆ ಸೇರಿತು. ಮಡಕಶಿರಾ ಮೊದಲಿನಿಂದಲೂ ಅನಂತಪುರದಲ್ಲಿತ್ತು. 2022ರಿಂದ ಶ್ರೀ ಸತ್ಯಸಾಯಿ ಜಿಲ್ಲೆಯಲ್ಲಿದೆ. ರೊಳ್ಳ, ಅಗಳಿ, ಗುಡಿಬಂಡೆ, ಅಮರಾಪುರ, ಇತ್ತ ಡಿ. ಹೀರೇಹಾಳು, ಬೊಮ್ಮನಹಾಳು, ಎಲ್ಲೆಲ್ಲೂ ಮನೆಮಾತು ಕನ್ನಡ. ಹಳ್ಳಿಯಲ್ಲಿ ಮೈ ಬಿಸಿಯಾದರೆ ಮೊದಲು ಕರೆಯುವುದು ವೈದ್ಯ ಪದವಿಯಿಲ್ಲದ ಆರ್‌ಎಂಪಿ ಡಾಕ್ಟರನ್ನು. ಅವರನ್ನು ಹೀಗಳೆಯುವ ಉದ್ದೇಶ ನನಗಿಲ್ಲ. ರಾತ್ರಿ ಹನ್ನೊಂದಕ್ಕೆ ಕರೆದರೂ ಬರುತ್ತಾರೆ, ದುಡ್ಡನ್ನು ಸುಗ್ಗಿಯ ಮೇಲೆ ಕೊಟ್ಟರೂ ನಡೆಯುತ್ತದೆ, ನಮ್ಮ ಮಾತಿನಲ್ಲೇ ಮಾತಾಡುತ್ತಾರೆ. ಬೆಳಗಾದರೆ ಕೂಲಿಗೆ ಹೋಗಬೇಕಾದವನಿಗೆ ರಾತ್ರಿಯೇ ಜ್ವರ ಇಳಿಯಬೇಕು. ಅದಕ್ಕೇ ಸೂಜಿ ಕೇಳುತ್ತಾನೆ, ಗ್ಲೂಕೋಸ್ ಹಾಕಿ ಅನ್ನುತ್ತಾನೆ. ರೋಗಿ ಬಯಸಿದ್ದೂ ಹಾಲು ಅನ್ನ, ವೈದ್ಯ ಹೇಳಿದ್ದೂ ಹಾಲು ಅನ್ನ. ಸ್ಟೀರಾಯ್ಡ್ ಸೂಜಿ ಬಿದ್ದರೆ ಮೊಣಕಾಲು ನೋವು ಬೆಳಗಾಗುವುದರೊಳಗೆ ಮಾಯ. ಅದೇ ಸೂಜಿ ತಿಂಗಳುಗಟ್ಟಲೆ ಮುಂದುವರಿದರೆ ಸಕ್ಕರೆ ಏರುತ್ತದೆ, ಮೂಳೆ ಸವೆಯುತ್ತದೆ, ಜೊತೆಗೆ ನೋವಿನ ಮಾತ್ರೆಯೂ ಸೇರಿದರೆ ಹೊಟ್ಟೆಯಲ್ಲಿ ರಕ್ತ ಒಸರುತ್ತದೆ, ಮೂತ್ರಪಿಂಡ ಸೋಲುತ್ತದೆ. ಆಗ ಯಾರಿಗೂ ಆ ಮೊದಲ ಸೂಜಿಯ ನೆನಪಿರುವುದಿಲ್ಲ.

2001ರ ಜನಗಣತಿಯ ಅಂಕಿಗಳನ್ನು ಆಧರಿಸಿ ವಿಶ್ವ ಆರೋಗ್ಯ ಸಂಸ್ಥೆ 2016ರಲ್ಲಿ ಪ್ರಕಟಿಸಿದ ವರದಿಯ ಪ್ರಕಾರ, ದೇಶದಲ್ಲಿ ತಾವು ಅಲೋಪತಿ ಡಾಕ್ಟರೆಂದು ಹೇಳಿಕೊಂಡವರಲ್ಲಿ 100ಕ್ಕೆ 57 ಮಂದಿಗೆ ವೈದ್ಯಕೀಯ ವಿದ್ಯಾರ್ಹತೆ ಇರಲಿಲ್ಲ. ಒಂದು ಪದ್ಧತಿಯನ್ನು ಕಲಿಯದೆ ಆ ಪದ್ಧತಿಯಲ್ಲಿ ಚಿಕಿತ್ಸೆ ಕೊಡುವವನು ನಕಲಿ ವೈದ್ಯನೇ ಎಂದು ಸುಪ್ರೀಂ ಕೋರ್ಟು 1996ರಲ್ಲಿ ಹೇಳಿತು. ಆದರೂ ಪೊಲೀಸರನ್ನು ಕರೆದು ಇವರನ್ನೆಲ್ಲ ಓಡಿಸಿದರೆ ನಾಳೆ ಹಳ್ಳಿಯಲ್ಲಿ ಯಾರಿರುತ್ತಾರೆ ಎಂಬ ಪ್ರಶ್ನೆ ಉಳಿಯುತ್ತದೆ. ಪಶ್ಚಿಮ ಬಂಗಾಳದಲ್ಲಿ ಇಂಥವರಿಗೆ ಒಂಬತ್ತು ತಿಂಗಳು ತರಬೇತಿ ಕೊಟ್ಟು ಅದರ ಫಲವನ್ನು ಅಳೆದು 2016ರಲ್ಲಿ ಪ್ರಕಟಿಸಿದರು. ರೋಗವನ್ನು ಸರಿಯಾಗಿ ನಿಭಾಯಿಸುವುದು ಸುಧಾರಿಸಿತು. ಬೇಡದ ಮದ್ದು ಕೊಡುವುದು ಮಾತ್ರ ಕಡಿಮೆಯಾಗಲಿಲ್ಲ. ಬೇಡದ ಮದ್ದನ್ನು ಕೇಳುತ್ತಿರುವವರು ನಾವೇ ಆದಾಗ ತರಬೇತಿ ಏನು ಮಾಡೀತು?

ಎರಡು ಕಾಯಿಲೆಗಳಲ್ಲಿ ನಾಟಿ ಮದ್ದಿನ ಕೀರ್ತಿ ನಮ್ಮಲ್ಲಿ ಬಲು ದೊಡ್ಡದು. ಒಂದು ಕಾಮಾಲೆ. ಕಲುಷಿತ ನೀರಿನಿಂದ ಬರುವ ಹೆಪಟೈಟಿಸ್ ಎ ಬಹುಪಾಲು ಜನರಲ್ಲಿ ಕೆಲವು ವಾರಗಳಲ್ಲಿ ತಾನಾಗಿಯೇ ಹೋಗುತ್ತದೆ. ಆ ವಾರಗಳಲ್ಲಿ ಸೊಪ್ಪಿನ ರಸ ಕುಡಿದವನು ಸೊಪ್ಪಿಗೆ ಕೈಮುಗಿಯುತ್ತಾನೆ, ಕೈಗೆ ಬರೆ ಹಾಕಿಸಿಕೊಂಡವನು ಬರೆಗೆ ಕೈಮುಗಿಯುತ್ತಾನೆ. ಆದರೆ ಹೆಪಟೈಟಿಸ್ ಬಿ ಆಗಿದ್ದರೆ, ಪಿತ್ತನಾಳದಲ್ಲಿ ಕಲ್ಲು ಸಿಕ್ಕಿದ್ದರೆ, ಕಣ್ಣು ಹಳದಿಯಾಗುವುದು ಒಂದೇ ಥರ, ದಾರಿ ಬೇರೆ. ಇನ್ನೊಂದು ಹಾವು ಕಡಿತ. ರಾಯದುರ್ಗದವರು ಶೇಂಗಾ ಎನ್ನಲಿ, ಮಡಕಶಿರಾದವರು ಕಡ್ಲೆಕಾಯಿ ಎನ್ನಲಿ, ಆ ಬೆಳೆಯ ನಡುವೆ ಬರಿಗಾಲಲ್ಲಿ ಓಡಾಡುವವರಿಗೆ ಅದು ದಿನದ ಭಯ. ಹೆಚ್ಚಿನ ಹಾವುಗಳಿಗೆ ವಿಷವಿಲ್ಲ. ವಿಷದ ಹಾವೂ ಎಷ್ಟೋ ಸಲ ವಿಷ ಬಿಡದೆ ಕಡಿಯುತ್ತದೆ. ಆದ್ದರಿಂದ ಮಂತ್ರ ಹಾಕಿಸಿಕೊಂಡವರಲ್ಲಿ ಬಹಳ ಜನ ಬದುಕಲೇಬೇಕು. ಬದುಕಿದವರು ಸಂತೆಯಲ್ಲಿ ಸಿಗುತ್ತಾರೆ, ಕಥೆ ಹೇಳುತ್ತಾರೆ. ಕಟ್ಟುಹಾವು ಕಡಿದು ಮಂತ್ರದ ಕಟ್ಟೆಯಲ್ಲೇ ಕಣ್ಣುಮುಚ್ಚಿದವನು ಯಾರಿಗೆ ಹೇಳಬೇಕು? 2000ದಿಂದ 2019ರವರೆಗೆ ನಮ್ಮ ದೇಶದಲ್ಲಿ ವರ್ಷಕ್ಕೆ ಸರಾಸರಿ 58,000 ಮಂದಿ ಹಾವು ಕಡಿದು ಸತ್ತರೆಂದು ಸಂಶೋಧಕರು ಅಂದಾಜು ಮಾಡಿದ್ದಾರೆ. ಮನೆಮನೆಗೆ ಹೋಗಿ ಸಾವಿನ ಕಾರಣ ಕೇಳಿ ಬರೆದುಕೊಂಡದ್ದರಿಂದ ಆ ಅಂಕಿ ಸಿಕ್ಕಿತು.

ನಾಟಿ ವೈದ್ಯರಿಗೆ ನ್ಯಾಯ ಸಲ್ಲಿಸುವ ಒಂದು ಮಾತನ್ನೂ ಹೇಳಬೇಕು. ನಾರುಹುಣ್ಣು ನಮ್ಮ ಮೆಟ್ಟಿಲು ಬಾವಿಗಳ ಶಾಪವಾಗಿದ್ದ ಕಾಲದಲ್ಲಿ ಹುಣ್ಣಿನಿಂದ ಇಣುಕುವ ಹುಳುವನ್ನು ಕಡ್ಡಿಗೆ ಸುತ್ತಿ, ದಿನಕ್ಕಿಷ್ಟೇ ಎಂದು ತಾಳ್ಮೆಯಿಂದ ಎಳೆದು ತೆಗೆಯುತ್ತಿದ್ದವರು ಹಳ್ಳಿಯ ಕೈಗುಣದವರು. ಅದಕ್ಕಿಂತ ಒಳ್ಳೆಯ ಉಪಾಯ ದೊಡ್ಡ ಆಸ್ಪತ್ರೆಯಲ್ಲೂ ಇರಲಿಲ್ಲ. ದೇಶದಲ್ಲಿ ಕೊನೆಯ ನಾರುಹುಣ್ಣು ಕಂಡದ್ದು 1996ರಲ್ಲಿ. ಹಳ್ಳಿಹಳ್ಳಿಯಲ್ಲಿ ರೋಗಿಗಳ ಪಟ್ಟಿ ಬರೆದು, ನೀರು ಸೋಸುವುದನ್ನು ಕಲಿಸಿ, ಅದನ್ನು ತೊಲಗಿಸಿದರು.

ನಾನು ಕೇಳಿಕೊಳ್ಳುವುದು ಇಷ್ಟು. ಗಡಿನಾಡಿನವರಾದ ನಮ್ಮ ಕಾಯಿಲೆ ಒಂದೇ ಕಡೆ ನಿಲ್ಲುವುದಿಲ್ಲ. ಊರಿನ ಆರ್‌ಎಂಪಿ, ಅನಂತಪುರದ ಆಸ್ಪತ್ರೆ, ಬಳ್ಳಾರಿಯ ದೊಡ್ಡಾಸ್ಪತ್ರೆ, ಚಿತ್ರದುರ್ಗ, ತುಮಕೂರು, ಕೊನೆಗೆ ಬೆಂಗಳೂರು. ಎರಡು ರಾಜ್ಯ, ಎರಡು ಭಾಷೆ, ಹತ್ತು ಚೀಟಿ. ರೋಗಿಯ ಪೂರ್ತಿ ಕಥೆ ಯಾವ ಆಸ್ಪತ್ರೆಯ ಹತ್ತಿರವೂ ಇರುವುದಿಲ್ಲ. ಅದಿರಲು ಸಾಧ್ಯವಿರುವುದು ಮನೆಯಲ್ಲಿ ಮಾತ್ರ. ಒಂದು ನೂರು ಪುಟದ ನೋಟುಬುಕ್ಕು ಸಾಕು. ಶಾಲೆಗೆ ಹೋಗುವ ಮಗಳ ಕೈಯಲ್ಲಿ ಬರೆಸಿ. ಜ್ವರ ಬಂದ ದಿನ, ಸೂಜಿ ಹಾಕಿಸಿದ ದಿನ, ಸೂಜಿಯ ಹೆಸರು. ಹೆಸರು ಗೊತ್ತಿಲ್ಲದಿದ್ದರೆ, ಅಣ್ಣಾ, ಒಂದು ಚೀಟಿ ಬರೆದುಕೊಡು ಎಂದು ಕೇಳಿ, ಕೇಳುವುದರಲ್ಲಿ ಅಗೌರವವಿಲ್ಲ. ಖಾಲಿಯಾದ ಮಾತ್ರೆಯ ಪಟ್ಟಿಯನ್ನು ಎಸೆಯದೆ ಆ ಪುಟಕ್ಕೇ ಅಂಟಿಸಿ. ಯಾವ ಮದ್ದಿಗೆ ಮೈಯೆಲ್ಲ ಗಂಧೆ ಎದ್ದಿತು ಬರೆಯಿರಿ. ನಾಟಿ ಮದ್ದು ತಿಂದಿದ್ದರೆ ಅದನ್ನೂ ಬರೆಯಿರಿ, ಡಾಕ್ಟರು ಬೈದಾರೆಂದು ಮುಚ್ಚಿಡಬೇಡಿ. ವಾಸಿಯಾಗದಿದ್ದರೆ ಆಗಲಿಲ್ಲ ಎಂದೇ ಬರೆಯಿರಿ. ಹಾವು ಕಡಿದರೆ ಮಾತ್ರ ಪುಸ್ತಕ ಹುಡುಕಬೇಡಿ. ಗಾಯ ಕೊಯ್ಯದೆ, ಬಿಗಿಯಾಗಿ ಕಟ್ಟದೆ, ಕಡಿದ ಹೊತ್ತನ್ನು ನೆನಪಿಟ್ಟುಕೊಂಡು 108ಕ್ಕೆ ಫೋನು ಮಾಡಿ.

ಮನೆಯ ಅಟ್ಟದಲ್ಲಿ ಅಜ್ಜನ ಕಾಲದ ಕಡತವೋ, ಅಂಚಿನಲ್ಲಿ ಬರೆದ ಪಂಚಾಂಗವೋ, ಅಂಗಡಿಯ ಲೆಕ್ಕದ ಪುಸ್ತಕವೋ ಇದ್ದರೆ ಗುಜರಿಗೆ ಹಾಕಬೇಡಿ. ಪ್ಲೇಗಿನ ವರ್ಷ ಊರು ಬಿಟ್ಟು ಹೊಲದ ಗುಡಿಸಲಲ್ಲಿ ಇದ್ದದ್ದು, 1918ರ ಜ್ವರದಲ್ಲಿ ಮನೆಯಲ್ಲಿ ಯಾರು ಯಾರು ಹೋದರು, ಏನೇನು ಮದ್ದು ಕೊಟ್ಟರು ಎಂಬುದು ಅಂಥ ಕಡೆ ಎರಡು ಸಾಲಾಗಿ ಇದ್ದೀತು. ಇಟ್ಟುಕೊಳ್ಳಲು ಜಾಗವಿಲ್ಲವೆಂದರೆ ಹಂಪಿಯ ಕನ್ನಡ ವಿಶ್ವವಿದ್ಯಾಲಯದಲ್ಲಿ ಹಸ್ತಪ್ರತಿಗಳಿಗೆಂದೇ ಒಂದು ವಿಭಾಗವಿದೆ, ರಾಯದುರ್ಗದಿಂದ ಒಂದು ಹಗಲಿನಲ್ಲಿ ಹೋಗಿಬರುವ ದಾರಿ. ಕೊಡುವ ಮುಂಚೆ, ಅದು ಯಾರ ಮನೆಯದು, ಯಾವ ಊರಿನದು ಎಂದು ಮೊದಲ ಪುಟದಲ್ಲಿ ಬರೆದುಕೊಡಿ.